ಅನ್ನದಾತ ಡಿಕ್ರಿದಾರ

ಶಿವಮೊಗ್ಗದಲ್ಲಿ ನನ್ನದೊಂದು ಗೋಣಿಚೀಲದ ಅಂಗಡಿ. ತೀರ್ಥಹಳ್ಳಿ ಕಡೆಯ ಅಡಿಕೆ ವ್ಯಾಪಾರಿಯೊಬ್ಬರು ಎರಡು ಸುಗ್ಗಿ ಉದ್ರಿಯಲ್ಲಿ ಒಯ್ದ ಚೀಲದ ಬಾಕಿ ನಾಲ್ಕು ಲಕ್ಷ ಚಿಲ್ಲರೆ. ಕೇಳಿದಾಗಲೆಲ್ಲ "ರಾಶಿ ಅಡಿಕೆಗೆ ರೇಟು ಬರಲಿ ಮಾರಾಯರೇ" ಎನ್ನುತ್ತಿದ್ದರು. ರೇಟು ಬಂತು. ಅವರ ಮನೆಗೆ ಕಾರೂ ಬಂತು. ನನಗೆ ಬಂದದ್ದು ವಕೀಲರ ಎಚ್ಚರಿಕೆ: ಮೂರು ವರ್ಷ ದಾಟಿದರೆ ದಾವೆ ಹೂಡುವಂತಿಲ್ಲ.

ಹೂಡಲು ಹೋದರೆ, 3 ಲಕ್ಷ ಮೇಲ್ಪಟ್ಟ ವ್ಯಾಪಾರದ ತಗಾದೆಗೆ ಮೊದಲು ಮಧ್ಯಸ್ಥಿಕೆ ಆಗಬೇಕಂತೆ. ಅಲ್ಲಿ ಇದ್ದದ್ದು ನಾನು, ನನ್ನೆದುರು ಒಂದು ಖಾಲಿ ಕುರ್ಚಿ. ಕುರ್ಚಿ ರಾಜಿಗೆ ಒಪ್ಪಲಿಲ್ಲ.

ನಂತರದ ವರ್ಷಗಳನ್ನು ಬಿಡಿ; ವಾಯಿದೆಗಳಿಗೆ ತಾರೀಕು ಇರುತ್ತದೆ, ಕಥೆ ಇರುವುದಿಲ್ಲ. ಬಾಕಿ ಕೊಡಬೇಕೆಂದು ಕೋರ್ಟಿನ ತೀರ್ಪು, ಅಂದರೆ ಡಿಕ್ರಿ, ನನ್ನ ಪರ ಆದ ದಿನ ಮನೆಯಲ್ಲಿ ಪಾಯಸ ಮಾಡಿಸಿದೆ. ಭಾರತದ ಕಕ್ಷಿದಾರನ ಕಷ್ಟ ಶುರುವಾಗುವುದೇ ಡಿಕ್ರಿ ಸಿಕ್ಕ ಮೇಲೆ ಎಂದು ಬ್ರಿಟಿಷರ ಕಾಲದ ಕೊನೆಯ ಮೇಲ್ಮನವಿ ಕೋರ್ಟಾದ ಪ್ರಿವಿ ಕೌನ್ಸಿಲ್ 1872ರಲ್ಲೇ ಹೇಳಿದ್ದನ್ನು ವಕೀಲರು ಪಾಯಸ ಉಂಡು ಕೈ ತೊಳೆಯುವಾಗ ತಿಳಿಸಿದರು.

ಡಿಕ್ರಿಯನ್ನು ಜಾರಿಗೆ ತರುವ ಅಮಲ್ಜಾರಿ ಆರು ತಿಂಗಳಲ್ಲಿ ಮುಗಿಯಬೇಕೆಂದು ಸುಪ್ರೀಂ ಕೋರ್ಟ್ 2021ರಲ್ಲಿ ಹೇಳಿದೆ. ನನ್ನ ಆರನೇ ತಿಂಗಳಲ್ಲಿ ನೋಟಿಸು 'ಮನೆಗೆ ಬೀಗ' ಎಂಬ ಷರಾ ಹೊತ್ತು ಹಿಂದಿರುಗಿತು. ಕೊನೆಗೊಂದು ಆಷಾಢದ ಮಳೆಯಲ್ಲಿ, ಜಪ್ತಿ ಮಾಡುವ ಕೋರ್ಟಿನ ಅಮೀನರನ್ನು ನನ್ನದೇ ಖರ್ಚಿನ ಜೀಪಿನಲ್ಲಿ ಕೂರಿಸಿಕೊಂಡು ಹೋದೆ. ಸಾಲಗಾರರು ಬಾಗಿಲಿಗೇ ಬಂದು ಬರಮಾಡಿಕೊಂಡರು. ಹಲಸಿನ ಹಪ್ಪಳ, ಬಿಸಿ ಕಾಫಿ. ಉಪಚಾರದಲ್ಲಿ ಬಾಕಿ ಉಳಿಸಿಕೊಳ್ಳುವ ಜನ ಅಲ್ಲ ನಮ್ಮ ಮಲೆನಾಡಿನವರು. ಮನೆ ಹೆಂಡತಿಯದು, ತೋಟ ತಮ್ಮನದು, ಕಾರು ಅಳಿಯನದು. ಉಟ್ಟ ಬಟ್ಟೆ, ಹಾಸಿಗೆ, ಅಡುಗೆಯ ಪಾತ್ರೆಗಳನ್ನು ಜಪ್ತಿ ಮಾಡಬಾರದೆನ್ನುತ್ತದೆ 1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ 60ನೇ ಕಲಂ. ಕಾನೂನು ಮುಟ್ಟಬಾರದೆಂದದ್ದೆಲ್ಲ ಅವರ ಹೆಸರಿನಲ್ಲಿತ್ತು, ಮುಟ್ಟಬಹುದಾದದ್ದೆಲ್ಲ ನೆಂಟರ ಹೆಸರಿನಲ್ಲಿ. 'ಜಪ್ತಿಗೆ ತಕ್ಕ ಸ್ವತ್ತು ಕಂಡುಬರಲಿಲ್ಲ' ಎಂದು ಅಮೀನರು ಬರೆದರು, ಶೆಡ್ಡಿನಲ್ಲಿದ್ದ ಅದೇ ಕಾರಿನ ಬಾನೆಟ್ಟಿನ ಮೇಲೆ ಕಾಗದವಿಟ್ಟುಕೊಂಡು.

"ಇನ್ನು ಸಿವಿಲ್ ಜೈಲೇ ದಾರಿ" ಎಂದರು ವಕೀಲರು. "ದುಡ್ಡಿದ್ದೂ ಕೊಡುತ್ತಿಲ್ಲವೆಂದು ತೋರಿಸಿದರೆ ಮೂರು ತಿಂಗಳವರೆಗೆ ಇಡಬಹುದು. ಊಟದ ಭತ್ಯೆ ಮಾತ್ರ ನೀವು ಕಟ್ಟಬೇಕು, ತಿಂಗಳು ತಿಂಗಳು ಮುಂಗಡ."

"ಯಾರ ಊಟ?"

"ಅವರದು. ಕಟ್ಟುವುದು ತಪ್ಪಿದರೆ ಬಿಟ್ಟುಬಿಡುತ್ತಾರೆ."

"ಹೊರಗೆ ಬಂದ ಮೇಲೆ?"

"ಸಾಲ ಹಾಗೇ ಇರುತ್ತದೆ. ಅದೇ ಡಿಕ್ರಿಯ ಮೇಲೆ ಮತ್ತೆ ಹಿಡಿಸುವಂತಿಲ್ಲ, ಅಷ್ಟೇ."

"ನಾನು ಕಟ್ಟಿದ ಊಟದ ದುಡ್ಡು?"

"ದಾವೆಯ ಖರ್ಚಿಗೆ ಸೇರುತ್ತದೆ. ಅವರಿಂದಲೇ ವಸೂಲು ಮಾಡಿಕೊಳ್ಳಿ."

ಅಂಗಡಿಗೆ ಬಂದು ಖಾತೆ ಪುಸ್ತಕ ತೆಗೆದೆ. ಅವರ ಪುಟದಲ್ಲಿ ಇಷ್ಟು ವರ್ಷ ಗೋಣಿಚೀಲ ಒಂದೇ ಇತ್ತು. ಅದರ ಕೆಳಗೆ ಹೊಸ ಸಾಲು ಬರೆದೆ: ಊಟದ ಬಾಬ್ತು, ಉದ್ರಿ.