ಬೊಮ್ಮಾಯಿ ಅಂದ್ರೆ ಬರೀ ಮಾಜಿ ಮುಖ್ಯಮಂತ್ರಿ ಅಲ್ಲ

ಎಸ್.ಆರ್. ಬೊಮ್ಮಾಯಿ ಬಗ್ಗೆ ನೀವು ಬರೆದ ಲೇಖನ ಚೆನ್ನಾಗಿದೆ. ಹುಬ್ಬಳ್ಳಿಯಲ್ಲಿ ವಕೀಲಿ ಮಾಡುತ್ತಿದ್ದವರು ಶಾಸಕರಾಗಿ ಮುಖ್ಯಮಂತ್ರಿ ಆದದ್ದೆಲ್ಲ ಬಂದಿದೆ. ಆದರೆ ತಮ್ಮ ಸರ್ಕಾರ ವಜಾ ಆದದ್ದರ ವಿರುದ್ಧ ಅವರು ಹೂಡಿದ, ಅವರ ಹೆಸರಿನಲ್ಲೇ ಪ್ರಸಿದ್ಧವಾದ ಕೇಸನ್ನು ಒಂದೇ ಸಾಲಿನಲ್ಲಿ ಮುಗಿಸಿಬಿಟ್ಟಿದ್ದೀರಿ. ಅದೇ ಅಲ್ವಾ ಮುಖ್ಯ?

1989ರ ಏಪ್ರಿಲ್‌ನಲ್ಲಿ 19 ಶಾಸಕರು ಬೆಂಬಲ ವಾಪಸ್ ಪಡೆದಿದ್ದಾರೆ ಅಂತ ಪತ್ರಗಳು ರಾಜ್ಯಪಾಲರ ಕೈಗೆ ಹೋದವು. ಅವರಲ್ಲಿ ಏಳು ಮಂದಿ ಮಾತು ಬದಲಿಸಿ, ನಾವು ಸರ್ಕಾರದ ಜೊತೆಗೇ ಇದ್ದೇವೆ ಎಂದರು. ಸದನದಲ್ಲೇ ಬಹುಮತ ತೋರಿಸುತ್ತೇನೆ ಎಂದು ಬೊಮ್ಮಾಯಿ ಕೇಳಿಕೊಂಡರೂ ಅವಕಾಶ ಸಿಗಲಿಲ್ಲ. ಸರ್ಕಾರ ವಜಾ, ರಾಷ್ಟ್ರಪತಿ ಆಳ್ವಿಕೆ ಜಾರಿ.

ಬೇರೆಯವರಾಗಿದ್ದರೆ ನಾಲ್ಕು ಭಾಷಣ ಮಾಡಿ ಸುಮ್ಮನಾಗುತ್ತಿದ್ದರೇನೋ. ಇವರು ವಕೀಲರು, ಕೋರ್ಟಿಗೆ ಹೋದರು. ಹೈಕೋರ್ಟಿನಲ್ಲಿ ಸೋಲಾಯಿತು. ಸುಪ್ರೀಂ ಕೋರ್ಟಿನ ಒಂಬತ್ತು ನ್ಯಾಯಮೂರ್ತಿಗಳ ಪೀಠ 1994ರ ಮಾರ್ಚ್ 11ರಂದು ತೀರ್ಪು ಕೊಟ್ಟಿತು: ಬಹುಮತ ತೀರ್ಮಾನವಾಗಬೇಕಾದದ್ದು ಸದನದಲ್ಲಿ, ರಾಜಭವನದಲ್ಲಲ್ಲ. ಅಷ್ಟರಲ್ಲಿ ರಾಜ್ಯದಲ್ಲಿ ಚುನಾವಣೆಯೂ ಮುಗಿದು ಬೇರೆ ಸರ್ಕಾರ ಬಂದಾಗಿತ್ತು. ಅವರ ಕುರ್ಚಿ ವಾಪಸ್ ಬರಲಿಲ್ಲ. ಇವತ್ತು ಯಾವ ರಾಜ್ಯದಲ್ಲಿ ಸರ್ಕಾರ ಅಲುಗಾಡಿದರೂ ವಕೀಲರ ಬಾಯಲ್ಲಿ ಬರುವ ಮೊದಲ ಹೆಸರು ಮಾತ್ರ ಕಾರಡಗಿ ಎಂಬ ಹಳ್ಳಿಯ ಈ ಮನುಷ್ಯನದೇ.