ಮಾರ್ಚ್ ಎಂಡ್‌ಗೊಂದು ದ್ವೀಪಯಾತ್ರೆ

ಆಲಮಟ್ಟಿ ಹಿನ್ನೀರಿನಲ್ಲಿ ದ್ವೀಪ ಪ್ರವಾಸೋದ್ಯಮ ಎಂದು ಯಾರಾದರೂ ಬಾಯಿಬಿಟ್ಟರೆ ಸಾಕು, ಹಿಂದೆಯೇ ಅಧ್ಯಯನ ಪ್ರವಾಸದ ಫೈಲೂ ಏಳುತ್ತದೆ. ಅದು ಏಳುವುದು ಮಾರ್ಚ್‌ನಲ್ಲೇ, ಅನುದಾನ ವಾಪಸ್ ಹೋಗುತ್ತದೆಂಬ ಭಯ ಹುಟ್ಟಿದ ಮೇಲೆ. ಮುಂದೆಂದಾದರೂ ವಿಜಯಪುರ, ಬಾಗಲಕೋಟೆ ಕಡೆಯ ನಿಯೋಗವೊಂದು ಅಮೆರಿಕದ ಸುಪೀರಿಯರ್ ಸರೋವರದಲ್ಲಿರುವ ದ್ವೀಪ, ಐಲ್ ರಾಯಲ್ ರಾಷ್ಟ್ರೀಯ ಉದ್ಯಾನಕ್ಕೆ ಹೊರಟರೆ ಉಪಯೋಗಕ್ಕೆ ಬರಲೆಂದು ಒಂದಿಷ್ಟು ಮಾಹಿತಿ.

ಮಾರ್ಚ್‌ನಲ್ಲಿ ಅಲ್ಲಿ ಬೀಗ. ನವೆಂಬರ್ 1ರಿಂದ ಏಪ್ರಿಲ್ 15ರವರೆಗೆ ಪ್ರವಾಸಿಗರನ್ನು ಬಿಡುವುದೇ ಇಲ್ಲ. ನಮ್ಮ ಆರ್ಥಿಕ ವರ್ಷ ಮಾರ್ಚ್ 31ಕ್ಕೆ ಮುಗಿಯುತ್ತದೆಂದು ಸುಪೀರಿಯರ್ ಸರೋವರಕ್ಕೆ ಯಾರೂ ಸುತ್ತೋಲೆ ಕಳಿಸಿಲ್ಲ.

ಹೇಗೋ ಜೂನ್‌ಗೆ ಹೊಂದಿಸಿಕೊಂಡರೆ, ಮಿಷಿಗನ್ ರಾಜ್ಯದ ಹೌಟನ್ ಊರಿನಿಂದ ಉದ್ಯಾನದವರದೇ ಹಡಗು ರೇಂಜರ್ 3 ಇದೆ. ದ್ವೀಪದ ರಾಕ್ ಹಾರ್ಬರ್ ತಲುಪಲು ಆರು ತಾಸು. ಅದೇ ರಾಜ್ಯದ ಕಾಪರ್ ಹಾರ್ಬರ್‌ನಿಂದ ಖಾಸಗಿ ಬೋಟ್ ಹತ್ತಿದರೆ ಸುಮಾರು ಮೂರೂವರೆ ತಾಸು. ಆತುರದವರಿಗೆ ನೀರಿನ ಮೇಲೆ ಇಳಿಯುವ ಸೀಪ್ಲೇನ್, ಮುಕ್ಕಾಲು ತಾಸಿನೊಳಗೆ ಮುಟ್ಟಿಸುತ್ತದೆ. ಆದರೆ ಮಂಜು ಕವಿದರೆ, ಅಲೆ ಎದ್ದರೆ ಅದು ಹಾರುವುದಿಲ್ಲ. ಯಾವ ಶಾಸಕರ ಫೋನಿಗೂ ಮಂಜು ಸರಿಯುವುದಿಲ್ಲ; ಹಿಂದೊಂದು, ಮುಂದೊಂದು ದಿನ ಖಾಲಿ ಇಟ್ಟುಕೊಂಡೇ ಹೋಗಬೇಕು. ಒಲೆಯ ಗ್ಯಾಸ್ ವಿಮಾನದಲ್ಲಿ ಒಯ್ಯುವಂತಿಲ್ಲ, ದ್ವೀಪದ ಅಂಗಡಿಯಲ್ಲೇ ಕೊಳ್ಳಬೇಕು. ಪ್ರವೇಶ ಶುಲ್ಕ ತಲೆಗೆ ದಿನಕ್ಕೆ 7 ಡಾಲರ್. ಗಣ್ಯರ ಕೋಟಾ ಇಲ್ಲ.

ನಿಜವಾದ ಪೇಚು ಇಳಿದ ಮೇಲೆ. "ಸಾಹೇಬ್ರ, ಗಾಡಿ ಎಲ್ಲಿ ನಿಲ್ಲಸೂಣ್ರಿ?" ಎಂದು ಕೇಳುವವರೇ ಇಲ್ಲ, ಯಾಕೆಂದರೆ ರಸ್ತೆಯೇ ಇಲ್ಲ. ಗಾಲಿಕುರ್ಚಿ ಬಿಟ್ಟು ಚಕ್ರವಿರುವ ಯಾವ ವಾಹನಕ್ಕೂ ಪ್ರವೇಶವಿಲ್ಲ, ಸೈಕಲ್ಲಿಗೂ ಇಲ್ಲ. ಕೆಂಪು ದೀಪ ಹೋಗಿ ವರ್ಷಗಳಾದರೂ ಸೈರನ್ ಬಿಡಲಾರದವರು ಇಲ್ಲಿ ಚೀಲ ಬೆನ್ನಿಗೇರಿಸಿ ನಡೆಯಬೇಕು. ಕೆರೆಯ ನೀರನ್ನು ಕುದಿಸಿ ಕುಡಿಯಬೇಕು, ಇಲ್ಲವೇ 0.4 ಮೈಕ್ರಾನ್ ಫಿಲ್ಟರ್‌ನಲ್ಲಿ ಸೋಸಬೇಕು. ಲಾಡಿಹುಳುವಿನ ಮೊಟ್ಟೆ ಇರುತ್ತವೆ. ಮೊಬೈಲ್ ಸಿಗ್ನಲ್ ನಂಬುವಂತಿಲ್ಲ, ಹೀಗಾಗಿ ಫೋಟೊ ಊರಿನ ವಾಟ್ಸಾಪ್ ಗ್ರೂಪಿಗೆ ತಡವಾಗಿ ತಲುಪುತ್ತದೆ. ಇದೊಂದೇ ಸಾಕು, ಪ್ರವಾಸ ರದ್ದಾಗಲು.

ಈ ದ್ವೀಪದ ತೋಳ ಮತ್ತು ಮೂಸ್ ಕಡವೆಗಳ ಅಧ್ಯಯನ 1958ರಿಂದ ನಡೆದೇ ಇದೆ. ಇಲ್ಲಿಗೆ ಮೊದಲು ಬಂದ ತೋಳಗಳು 1940ರ ದಶಕದ ಕೊನೆಗೆ ಹೆಪ್ಪುಗಟ್ಟಿದ ಸರೋವರದ ಮೇಲೆ ನಡೆದೇ ಬಂದವು. ಪ್ರಯಾಣ ಭತ್ಯೆಯ (ಟಿ.ಎ.) ಬಿಲ್ ಹಾಕಿದ ದಾಖಲೆಯಿಲ್ಲ.

ವಾಪಸ್ ಬಂದವರ ವರದಿ ಹೇಗಿರುತ್ತದೆಂದು ಈಗಲೇ ಹೇಳಬಹುದು: ಆಲಮಟ್ಟಿಯಲ್ಲೂ ಬೋಟ್ ಹತ್ತಿಳಿಯಲು ಕಾಂಕ್ರೀಟ್ ಕಟ್ಟೆ ಕಟ್ಟಬೇಕು. ಆದರೆ ಸುಪೀರಿಯರ್ ನೀರು ವರ್ಷದೊಳಗೆ ಏರಿಳಿಯುವುದು ಒಂದಡಿಯ ಆಸುಪಾಸು. ಆಲಮಟ್ಟಿಯದು ಹಾಗಲ್ಲ, ಮಳೆಗಾಲದಲ್ಲಿ ಸಮುದ್ರಮಟ್ಟದಿಂದ 519.60 ಮೀಟರ್ ಮುಟ್ಟಿದ್ದು ಬೇಸಿಗೆಗೆ ಹತ್ತು ಮೀಟರ್‌ನಷ್ಟು ಕೆಳಗೆ ಇಳಿಯುತ್ತದೆ. ಆಗಸ್ಟ್‌ನಲ್ಲಿ ರಿಬ್ಬನ್ ಕತ್ತರಿಸಿದ ಕಟ್ಟೆಯಿಂದ ಏಪ್ರಿಲ್‌ನಲ್ಲಿ ಬೋಟ್ ಹತ್ತಲು ಕೆಸರಿನಲ್ಲಿ ಫರ್ಲಾಂಗುಗಟ್ಟಲೆ ನಡೆಯಬೇಕು. ಬೇಕಾದದ್ದು ನೀರಿನೊಂದಿಗೆ ಏರಿಳಿಯುವ ತೇಲುಕಟ್ಟೆ, ದಡಕ್ಕೆ ಕೀಲು ಹಾಕಿದ ಹಲಗೆದಾರಿ. ಅದಕ್ಕೆ ಸಿಮೆಂಟ್ ಅಷ್ಟೇನೂ ಬೇಡ, ಎಂದಮೇಲೆ ಎಸ್ಟಿಮೇಟ್ ಚೆಂದ ಕಾಣುವುದಿಲ್ಲ.

ಇಷ್ಟೆಲ್ಲ ಕಲಿಯಲು ಜಮಖಂಡಿ ತಾಲ್ಲೂಕಿನ ಕಂಕಣವಾಡಿಗೆ ಹೋದರೂ ಆಗುತ್ತಿತ್ತು. ಅಲ್ಲಿನ ರೈತರು ಕೃಷ್ಣೆಯ ನಡುಗಡ್ಡೆಯಲ್ಲಿ ಬೆಳೆದ ಕಬ್ಬನ್ನು ದೋಣಿಯ ಮೇಲೆ ದಾಟಿಸುತ್ತಾರೆ, ಟ್ರ್ಯಾಕ್ಟರ್ ಸಮೇತ. ಹೊಳೆ ಏರಿದಾಗ ದೋಣಿ ಎಲ್ಲಿ ಕಟ್ಟಬೇಕು, ಇಳಿದಾಗ ಎಲ್ಲಿ ಎಂಬುದು ಅವರಿಗೆ ಗೊತ್ತು. ಪಾಸ್‌ಪೋರ್ಟ್ ಬೇಡ, ವೀಸಾ ಬೇಡ, ವಿಜಯಪುರದಿಂದ ಬೆಳಿಗ್ಗೆ ಹೊರಟರೆ ಸಂಜೆಯ ಚಹಾಕ್ಕೆ ಮನೆಯಲ್ಲಿರಬಹುದು. ತೊಡಕಿರುವುದೂ ಅಲ್ಲೇ. ರಾತ್ರಿ ತಂಗದ ಪ್ರವಾಸಕ್ಕೆ ಲಾಡ್ಜ್ ಬಿಲ್ ಹಚ್ಚುವುದು ಹೆಂಗ್ರಿ?