ಹೀರೋಯಿನ್ ಅಪ್ಪನಾದ ಮೊದಲ ಹೀರೋ

ಮೊನ್ನೆ ಭಾನುವಾರ 1916ರ ಒಂದು ಮೂಕಿ ಸಿನಿಮಾ ನೋಡುತ್ತಿದ್ದೆ. ಪಕ್ಕದಲ್ಲಿ ನಮ್ಮತ್ತೆ ಅವರೆಕಾಯಿ ಸುಲಿಯುತ್ತಾ ಕೂತಿದ್ದರು. "ಏನಮ್ಮಾ, ಸೌಂಡೇ ಬರ್ತಿಲ್ಲ, ಮೊಬೈಲ್ ಕೆಟ್ಟೋಯ್ತಾ?" ಅಂದರು. ಇಲ್ಲ ಅತ್ತೆ, ಇದು ಮಾತಿಲ್ಲದ ಸಿನಿಮಾ ಅಂದೆ. ಕನ್ನಡಕ ಹಾಕಿಕೊಂಡು ಅವರೂ ಬಗ್ಗಿದರು.

ಕಥೆ ಇಷ್ಟೇ. ಹೆಂಡತಿ ಊರಲ್ಲಿಲ್ಲ. ದುಂಡು ಮುಖದ ಗಂಡ ಮನೆಯಲ್ಲೇ ಪಾರ್ಟಿ ಮಾಡುತ್ತಾನೆ. ಬೆಳಿಗ್ಗೆ ಎದ್ದು ನೋಡಿದರೆ ಯಾರದೋ ಕಾರ್ಸೆಟ್ ಬಿದ್ದಿದೆ. ಸೊಂಟ ಸಣ್ಣಗೆ ಕಾಣಲಿ ಅಂತ ಆಗಿನ ಹೆಂಗಸರು ಬಿಗಿದುಕೊಳ್ಳುತ್ತಿದ್ದರಲ್ಲ, ಅದು. ಹೆಂಡತಿ ಬರೋದರೊಳಗೆ ಅದನ್ನು ಸಾಗಹಾಕಬೇಕು. ಎಸೆದು ಬಂದರೆ ಯಾರೋ ಒಳ್ಳೆಯವರು "ಸ್ವಾಮಿ, ಬಿಟ್ಟು ಹೋಗಿದ್ರಿ" ಅಂತ ತಂದು ಕೊಡುತ್ತಾರೆ. ಆಗ ಅವನ ಮುಖ ನೋಡಬೇಕು. ಥ್ಯಾಂಕ್ಸೂ ಹೇಳಬೇಕು, ಅಳುವೂ ಬರುತ್ತಿದೆ. "ಒಲೆಗೆ ಹಾಕಬಾರದಿತ್ತಾ, ದಡ್ಡ" ಅಂತ ಅತ್ತೆ ಬೈದರು. ಅವರೆಕಾಯಿ ಅಲ್ಲೇ ಉಳಿಯಿತು.

ಆ ದಡ್ಡನ ಹೆಸರು ಆಂತೊನಿ ಫೆರ್ಟ್ನರ್. ಹುಟ್ಟಿದ್ದು 1874ರಲ್ಲಿ, ಪೋಲೆಂಡಿನ ಚೆಂಸ್ತೊಹೋವಾದಲ್ಲಿ. ಪೋಲೆಂಡ್ ಅಂದೆ, ಆದರೆ ಆಗ ನಕಾಶೆಯಲ್ಲಿ ಪೋಲೆಂಡ್ ಅನ್ನೋ ದೇಶವೇ ಇರಲಿಲ್ಲ. ರಷ್ಯಾ, ಜರ್ಮನಿ, ಆಸ್ಟ್ರಿಯಾ ಹಂಚಿಕೊಂಡಿದ್ದವು. ವಾರ್ಸಾ ಇದ್ದದ್ದು ರಷ್ಯಾದ ಚಕ್ರವರ್ತಿಯ ಕೈಯಲ್ಲಿ. ಆ ಊರಿನ ನಾಟಕದ ಸ್ಟೇಜ್ ಮೇಲೆ ಜನರನ್ನು ನಗಿಸುತ್ತಿದ್ದವನು 34ನೇ ವಯಸ್ಸಲ್ಲಿ ಕ್ಯಾಮೆರಾ ಮುಂದೆ ನಿಂತ. 'ಆಂತೊಶ್ ಮೊದಲ ಸಲ ವಾರ್ಸಾದಲ್ಲಿ' ಅಂತ ಪುಟ್ಟ ಚಿತ್ರ. ಪೇಟೆಗೆ ಹೊಸಬ, ಅವನ ಫಜೀತಿ. ಆಂತೊಶ್ ಅಂದರೆ ಆಂತೊನಿಯನ್ನು ಮನೆಯವರು ಮುದ್ದಾಗಿ ಕರೆಯೋ ಹೆಸರು. 1908ರ ಅಕ್ಟೋಬರ್ 22ಕ್ಕೆ ಅದು ತೆರೆಗೆ ಬಂತು. ಪೋಲಿಷ್ ಭಾಷಿಕರ ಮೊದಲ ಕಥಾಚಿತ್ರ ಅಂತ ಅದನ್ನೇ ಎಣಿಸುತ್ತಾರೆ. 2008ರಲ್ಲಿ ಅವರ ಸಿನಿಮಾಕ್ಕೆ ನೂರು ತುಂಬಿತು ಅಂತ ಹಬ್ಬವನ್ನೂ ಮಾಡಿದರು. ಪ್ರಿಂಟ್ ಮಾತ್ರ ಎಲ್ಲೂ ಇಲ್ಲ. ಕಳೆದೇ ಹೋಗಿದೆ.

ಮೊದಲ ಮಹಾಯುದ್ಧದ ಹೊತ್ತಲ್ಲಿ ಅವನು ರಷ್ಯಾಕ್ಕೆ ಹೋದ. ಅಲ್ಲಿ ಆಂತೊಶ್ 'ಅಂತೋಶಾ' ಆದ. ಸಾಲು ಸಾಲು ಹಾಸ್ಯ ಚಿತ್ರಗಳು ಬಂದವು. ಕಾರ್ಸೆಟ್ ಕಥೆ ಅದರಲ್ಲೊಂದು. ಆಮೇಲೆ ವಾರ್ಸಾಗೆ ವಾಪಸ್.

ಇಲ್ಲಿಂದ ಮುಂದಿನದ್ದೇ ನನಗೆ ಜಾಸ್ತಿ ಇಷ್ಟ. 1930ರ ಸುಮಾರಿಗೆ ಸಿನಿಮಾಕ್ಕೆ ಮಾತು ಬಂತು. ಆಗ ಇವನಿಗೆ 56. ಹೀರೋ ಆಗೋ ವಯಸ್ಸಲ್ಲ. ಆದರೆ ನಾಟಕದಲ್ಲಿ ಪಳಗಿದ ಗಂಟಲು ಇತ್ತಲ್ಲ! ಅಪ್ಪ, ಮಾವ, ಫ್ಯಾಕ್ಟರಿ ಯಜಮಾನ, ಎಲ್ಲದಕ್ಕೂ ಇವನೇ. 1935ರ ಒಂದು ಚಿತ್ರದಲ್ಲಿ ಶ್ರೀಮಂತರ ಹುಡುಗ ಡ್ರೈವರ್ ವೇಷ ಹಾಕಿಕೊಂಡು ಹುಡುಗಿ ಮನೆ ಸೇರುತ್ತಾನೆ. (ಈ ಕಥೆ ನಾವೂ ಎಷ್ಟು ಸಲ ನೋಡಿಲ್ಲ ಹೇಳಿ!) ಡ್ರೈವರ್ ಆಗಿ ಆಗಿನ ದೊಡ್ಡ ಸ್ಟಾರ್ ಎವ್ಗೆನಿಯುಷ್ ಬೊದೊ, ಹುಡುಗಿಯ ಅಪ್ಪನಾಗಿ ಫೆರ್ಟ್ನರ್. 1938ರ ಇನ್ನೊಂದರಲ್ಲಿ ಸೋಪ್ ಫ್ಯಾಕ್ಟರಿ ಯಜಮಾನ.

ಇದನ್ನು ಇಳಿಜಾರು ಅಂತ ಬರೆಯುವವರಿದ್ದಾರೆ. ಮೊದಲ ಚಿತ್ರದ ಹೀರೋ ಕೊನೆಗೆ ಪಕ್ಕದ ಪಾತ್ರಕ್ಕೆ ಬಂದ, ಪಾಪ ಅಂತ. ನಾನು ಒಪ್ಪಲ್ಲ. ನಮ್ಮ ಭಾಷೆಯಲ್ಲಿ ಇಂಥವರಿಗೆ ಪೋಷಕ ನಟ ಅಂತೀವಿ. ಪೋಷಿಸುವವನು, ಸಾಕುವವನು. ಹೀರೋಯಿನ್ ಹಾಡು ಹೇಳಿ ಹೋದಮೇಲೆ ಕಥೆಯನ್ನು ಹೊತ್ತುಕೊಂಡು ಮುಂದಿನ ಸೀನಿಗೆ ದಾಟಿಸುವವನು ಅವನೇ ಅಲ್ವಾ? ಅಪ್ಪ ಸಿಡುಕದಿದ್ದರೆ ಪ್ರೀತಿಗೆ ಅಡ್ಡಿ ಎಲ್ಲಿ, ಅಡ್ಡಿ ಇಲ್ಲದಿದ್ದರೆ ಸಿನಿಮಾ ಎಲ್ಲಿ? ಕಾರ್ಸೆಟ್ ಹಿಡಿದು ಬೆವರಿದ ಮುಖವೇ ಇಪ್ಪತ್ತು ವರ್ಷ ಆದಮೇಲೆ ಮಗಳ ಹಟದ ಮುಂದೆ ಬೆವರುತ್ತದೆ. ಕಸುಬು ಅದೇ, ಕೂದಲು ಮಾತ್ರ ಕಡಿಮೆ.

1939ರಲ್ಲಿ ಜರ್ಮನ್ ಸೈನ್ಯ ಬಂತು, ಆ ಸಿನಿಮಾ ಲೋಕವೇ ಮುಗಿಯಿತು. ಡ್ರೈವರ್ ವೇಷ ಹಾಕಿದ್ದ ಬೊದೊ 1943ರಲ್ಲಿ ಸೋವಿಯತ್ ಸೆರೆಶಿಬಿರದಲ್ಲಿ ಸತ್ತ. ಇನ್ನೂ ನಡುವಯಸ್ಸು. ತೆರೆಯ ಮೇಲಿನ ಮುದಿ ಮಾವ ಉಳಿದ. ಯುದ್ಧ ಮುಗಿದ ಮೇಲೆ ಕ್ರಾಕೋವ್‌ನಲ್ಲಿ ಮತ್ತೆ ಸ್ಟೇಜ್ ಹತ್ತಿದ. 1959ರಲ್ಲಿ ಅಲ್ಲೇ ತೀರಿಕೊಂಡಾಗ 84 ವರ್ಷ. ಅವನ ನೆನಪುಗಳ ಪುಸ್ತಕ ಮರುವರ್ಷ ಅಚ್ಚಾಯಿತು.

ಅವತ್ತು ರಾತ್ರಿ ಊಟ ಆದಮೇಲೆ ಅತ್ತೆ ಕೇಳಿದರು: "ಆ ದಪ್ಪಗಿರೋನದ್ದು ಇನ್ನೊಂದು ಇದ್ರೆ ಹಾಕು." ಸೋಪ್ ಯಜಮಾನನ ಸಿನಿಮಾ ಹಾಕಿದೆ. ಪೋಲಿಷ್ ಮಾತು ಇಬ್ಬರಿಗೂ ಒಂದಕ್ಷರ ಅರ್ಥವಾಗಲಿಲ್ಲ. ಅವನು ಬಂದ ತಕ್ಷಣ ಅತ್ತೆ ಗುರುತು ಹಿಡಿದರು. "ವಯಸ್ಸಾಗಿದೆ. ಹೆಂಡ್ತಿಗೆ ಗೊತ್ತಾಯ್ತಂತಾ?"